ಕೊಪ್ಪರಿಗೆ ಬೀದಿಯ ಅರ್ಧ ಮೊಳ

ಹೋದ ತಿಂಗಳು ನಂಜನಗೂಡಿನಲ್ಲೊಂದು ಮದುವೆ. ಉಂಡು ಕೈ ತೊಳೆಯಲು ಛತ್ರದ ಹಿಂಬದಿಗೆ ಹೋದೆ. ಅಲ್ಲಿ ಮುದುಕನೊಬ್ಬ ಇದ್ದಿಲ ಒಲೆಯ ಮೇಲೆ ತಾಮ್ರದ ಹಂಡೆಯನ್ನು ಕಾಯಿಸುತ್ತ ಕೂತಿದ್ದ. ಕಾದ ತಾಮ್ರಕ್ಕೆ ನವಸಾಗರದ ಪುಡಿ ಎರಚಿ ಅರಿವೆಯಿಂದ ಉಜ್ಜಿದ್ದೇ ಬಿಳಿ ಹೊಗೆ ಎದ್ದಿತು. ಕಣ್ಣು ಉರಿಸುವ, ಗಂಟಲಲ್ಲಿ ಕೂತುಬಿಡುವ ಹೊಗೆ. ಪಾತ್ರೆಗೆ ಕಲಾಯಿ ಹಾಕಿಸುವವರು ಈಗ ಎಲ್ಲಿದ್ದಾರೆ? ಜೊತೆಗಿದ್ದ ಹೆಂಗಸರು ಸೆರಗಿನಿಂದ ಮೂಗು ಮುಚ್ಚಿಕೊಂಡು ಸರಿದರು. ನಾನು ಅಲ್ಲೇ ನಿಂತಿದ್ದೆ. ಕಣ್ಣಲ್ಲಿ ನೀರು ಬಂದದ್ದು ಹೊಗೆಗೆ ಅಂದುಕೊಂಡರು. ಅರ್ಧ ನಿಜ.

ತೊಂಬತ್ತೆಂಟನೆಯ ಇಸವಿಯ ಆಷಾಢ. ನಮ್ಮ ಯಜಮಾನರಿಗೆ ನಂಜನಗೂಡಿಗೆ ವರ್ಗವಾಗಿ ಮೂರು ವರ್ಷ ಕಳೆದಿತ್ತು. ಕೊಪ್ಪರಿಗೆ ಬೀದಿಯಲ್ಲಿ ಮರಿಬಸಪ್ಪನವರ ಮನೆಯ ಹಿಂಭಾಗದ ಎರಡು ಕೋಣೆಯಲ್ಲಿ ಬಾಡಿಗೆಗಿದ್ದೆವು. ಯಾವ ಬೋರ್ಡಿನಲ್ಲೂ ಆ ಹೆಸರಿರಲಿಲ್ಲ, ಜನ ಹಾಗೆ ಕರೆಯುತ್ತಿದ್ದರು. ಹರಕೆ ಹೊತ್ತು ಬಂದವರು ಹೊಳೆ ದಂಡೆಯಲ್ಲಿ ಒಲೆ ಹೂಡಿ ನೂರಾರು ಜನಕ್ಕೆ ಅನ್ನ ಹಾಕುತ್ತಿದ್ದರಲ್ಲ, ಅವರಿಗೆ ಕೊಪ್ಪರಿಗೆ, ಹಂಡೆ, ಮೊಳದುದ್ದದ ಸೌಟು, ಅನ್ನ ಬಸಿಯುವ ಜರಡಿ ಬಾಡಿಗೆಗೆ ಕೊಡುವುದೇ ಆ ಬೀದಿಯ ಕಸುಬು. ಎರಡು ಸಾಲಿನಲ್ಲಿ ಹದಿನೆಂಟು ಮನೆ. ಮನೆಗಳು ಚಿಕ್ಕವು, ಜಗಲಿಗಳು ದೊಡ್ಡವು. ಜಗಲಿಯ ಮೇಲೆ ಪಾತ್ರೆ ಬೋರಲು ಹಾಕಿದರೆ ಅದೇ ಅಂಗಡಿ. ಒಂದೊಂದು ಪಾತ್ರೆಯ ಕಂಠದಲ್ಲೂ ಒಂದೊಂದು ಮನೆಯ ಗುರುತು ಕೆತ್ತಿರುತ್ತಿತ್ತು: ಒಬ್ಬರದು ಬಿಲ್ವಪತ್ರೆ, ಒಬ್ಬರದು ತಕ್ಕಡಿ, ಇನ್ನೊಬ್ಬರದು ಮೂರು ಚುಕ್ಕಿ. ಪಾತ್ರೆ ಹಿಂದಿರುಗಿಸುವವರು ಬರಿದಾಗಿ ತರುವಂತಿಲ್ಲ, ಒಂದು ಹಿಡಿ ಅಕ್ಕಿಯೋ ಒಂದು ಚೂರು ಬೆಲ್ಲವೋ ಒಳಗಿರಬೇಕು. ಮರೆತು ಬಂದವರನ್ನು ಬಾಗಿಲಲ್ಲೇ ನಿಲ್ಲಿಸಿ, "ಏನವ್ವ, ನಮ್ ಕೊಪ್ಪರಿಗೆ ಅಸ್ಕಂಡು ಬಂದದಲ್ಲ!" ಎಂದು ಕಾಲೆಳೆಯುತ್ತಿದ್ದರು.

ಆಷಾಢದಲ್ಲಿ ಮದುವೆ ಇಲ್ಲ, ಪಾತ್ರೆಗೆ ಕೆಲಸವಿಲ್ಲ. ಹಾಗಾಗಿ ಅದು ಕಲಾಯಿಯ ಕಾಲ. ಬೀದಿಯ ತುಂಬ ಒಲೆ, ತಿದಿ, ಹೊಗೆ. ಬೆಳಗ್ಗೆಯಿಂದ ಸಂಜೆಯವರೆಗೆ ಬೀಸುವ ಗಾಳಿ ಆ ಹೊಗೆಯನ್ನು ನಮ್ಮ ಅಡುಗೆಮನೆಗೇ ತಂದು ಸುರಿಯುತ್ತಿತ್ತು. ಹನಿ ಬರುವುದು, ಹೋಗುವುದು. ಕಪಿಲೆ ಕೆಂಪಗೆ ತಿರುಗಿ, ಸ್ನಾನಘಟ್ಟದ ಮೆಟ್ಟಿಲು ದಿನಕ್ಕೊಂದರಂತೆ ಮುಳುಗುತ್ತಿದ್ದವು. ನನಗೆ ದಿನಕ್ಕೆ ನಾಲ್ಕು ಸಾಲು ಬರೆದಿಡುವ ಅಭ್ಯಾಸ ಮೊದಲಿಂದಲೂ ಇದೆ. ಎಷ್ಟು ಮೆಟ್ಟಿಲು ಮುಳುಗಿತು, ಯಾರ ಮನೆಗೆ ಯಾರು ಬಂದರು, ಹಾಲಿನವನು ಎಷ್ಟು ನೀರು ಬೆರೆಸಿದ, ಇಂಥವೇ.

ಆ ತಿಂಗಳ ಮೊದಲ ವಾರದಲ್ಲೇ ಪುರಸಭೆ ಕಚೇರಿಯ ಇಬ್ಬರು ಬಂದು ಎಲ್ಲರ ಗೋಡೆಗೂ ಕೆಂಪು ಬಣ್ಣದಲ್ಲಿ ನಂಬರು ಬರೆದು ಹೋದರು. ರಸ್ತೆ ಅಗಲ ಮಾಡುತ್ತಾರಂತೆ. ಎಷ್ಟು ಹೋಗುತ್ತದೆ ಯಾರಿಗೂ ಗೊತ್ತಿಲ್ಲ. ಬೆಳಗ್ಗೆ ಐದಡಿ ಎಂದವರು ಸಂಜೆಗೆ ಹತ್ತಡಿ ಎನ್ನುತ್ತಿದ್ದರು. ನಮ್ಮ ಎದುರು ಮನೆ ಗೌರಮ್ಮನವರದು. ಬೀದಿಯ ತಿರುವಿನ ಮನೆ. ಗಂಡನೂ ಇಲ್ಲ, ಮಗನೂ ಇಲ್ಲ. ಅವರು ಮತ್ತು ವಿಧವೆ ಸೊಸೆ ಮಹದೇವಮ್ಮ, ಇಬ್ಬರೇ. ಇದ್ದದ್ದು ಒಂದು ಜಗಲಿ, ಒಂದು ನಡುಮನೆ, ಹಿಂದೊಂದು ಒಲೆ. ನಡುಮನೆಯ ಮುಂದಿನ ಸೂರು ನಿಂತಿದ್ದದ್ದು ಜಗಲಿಯ ಎರಡು ಕಲ್ಲುಕಂಬದ ಮೇಲೆ. ಅತ್ತೆ ಸೊಸೆ ನಾಲ್ಕು ಕೊಪ್ಪರಿಗೆ, ಒಂಬತ್ತು ಹಂಡೆಯಲ್ಲಿ ಬದುಕುತ್ತಿದ್ದರು. ನಂಬರು ಬರೆದ ದಿನ ಮಹದೇವಮ್ಮ ಒದ್ದೆ ಬಟ್ಟೆ ತಂದು ಅದನ್ನು ಉಜ್ಜಿಯೇ ಉಜ್ಜಿದಳು. ಬಣ್ಣ ಹೋಗಲಿಲ್ಲ, ಸುಣ್ಣ ಕಿತ್ತು ಬಂತು.

ಬೀದಿಯ ಕೊನೆಯಲ್ಲಿರುವ ಬಸವನ ಗುಡಿಯ ಮುಂದೆ ಎಲ್ಲರೂ ಸೇರಿದರು. ಮರಿಬಸಪ್ಪನವರು ಮೈಸೂರಿನ ವಕೀಲರೊಬ್ಬರನ್ನು ಕೇಳಿಕೊಂಡು ಬಂದಿದ್ದರು. "ಬೀದಿ ಎಷ್ಟು ಅಳೇದು ಅಂತ ತೋರಿಸ್ಬೇಕಂತೆ ಕಣ್ರಪ್ಪ. ಅಂಗೆ ಸಲೀಸಾಗಿ ಮುಟ್ಟಕಾಗಲ್ವಂತೆ. ನಮ್ ಬೀದಿ ಮುಂದೆ ಆ ಕಚೇರಿ ಯಾವ್ ಲೆಕ್ಕ, ಮೊನ್ನೆ ಕಣ್ ಬುಟ್ಟ ಕೂಸು!" ಎಂದರು. ಯಾರು ಬರೆಯುವುದು ಎಂಬ ಪ್ರಶ್ನೆ ಬಂತು. ಎಲ್ಲರೂ ನನ್ನ ಕಡೆ ನೋಡಿದರು. "ನಮ್ ಸರೋಜಕ್ಕ ಅವ್ರಲ್ಲ. ಹಾಲ್ನೋನ್ ಚರಿತ್ರೆನೇ ದಿನಾ ಬರೀತಾರಂತೆ, ಬೀದಿ ಚರಿತ್ರೆ ಬರಿಯಕಿಲ್ವಾ?" ಎಂದು ಯಾರೋ ನಗಿಸಿದರು. ನಾನೂ ನಕ್ಕೆ. ಒಳಗೊಳಗೆ ಹಿಗ್ಗಿದೆ ಎನ್ನುವುದನ್ನೂ ಹೇಳಬೇಕು. ಮೂರು ವರ್ಷದಲ್ಲಿ ಮೊದಲ ಸಲ ಆ ಬೀದಿಗೆ ನಾನು ಬೇಕಾಗಿದ್ದೆ.

ಮನೆಮನೆಗೆ ಹೋದೆ. ಮಧ್ಯಾಹ್ನದ ಕೆಲಸ ಮುಗಿಸಿ ಒಂದು ನೋಟುಬುಕ್ಕು ಹಿಡಿದು ಜಗಲಿಯಿಂದ ಜಗಲಿಗೆ. ಒಬ್ಬರು ಪ್ಲೇಗಿನ ಕಾಲದಲ್ಲಿ ಇಡೀ ಬೀದಿ ಹೊಲದ ಗುಡಿಸಲಿಗೆ ಹೋದದ್ದನ್ನೂ, ಪಾತ್ರೆಗಳನ್ನೆಲ್ಲ ಬಾವಿಗೆ ಇಳಿಸಿ ಬಚ್ಚಿಟ್ಟದ್ದನ್ನೂ ಹೇಳಿದರು. ಇನ್ನೊಬ್ಬರು ಹೊಳೆ ಬಂದ ವರ್ಷ ಕೊಪ್ಪರಿಗೆಯಲ್ಲಿ ಮಕ್ಕಳನ್ನು ಕೂರಿಸಿ ತೇಲಿಸಿಕೊಂಡು ಹೋದದ್ದನ್ನು. ಕಳಲೆಯ ಮದುವೆಗೆ ಹೋದ ಹಂಡೆ ಏಳು ವರ್ಷದ ಮೇಲೆ ತಾಂಡವಪುರದ ಯಾರದೋ ಕೊಟ್ಟಿಗೆಯಲ್ಲಿ ಸಿಕ್ಕಿ, ಕಂಠದ ಬಿಲ್ವಪತ್ರೆಯ ಗುರುತಿನಿಂದ ಮನೆಗೆ ಬಂದದ್ದನ್ನು. ಎಲ್ಲರೂ ಹೇಳಲು ಕಾದಿದ್ದವರಂತೆ ಹೇಳಿದರು. ನಾನು ಗೀಚಿಕೊಂಡೆ.

ಎಲ್ಲರಿಗಿಂತ ಚೆನ್ನಾಗಿ ಹೇಳಿದವರು ಗೌರಮ್ಮನವರು. ಹುಣಸೆಹಣ್ಣಿನ ಜುಂಗು ಹಿಡಿದು ಹಂಡೆ ಬೆಳಗುತ್ತಲೇ ಹೇಳಿದರು.

"ನಮ್ಮಾವ ಆ ದೊಡ್ ಕೊಪ್ಪರಿಗೆ ಮಾಡಿಸ್ಕಂಡು ಬಂದ್ರಲ್ಲ, ಬಾಗ್ಲಲ್ಲಿ ಒಳಕ್ ಇಡೀನೇ ಇಲ್ಲ ಕಣವ್ವ. ಆಗ ಜಗ್ಲಿ ಅಂದ್ರೆ ಒಬ್ರು ಕುಂತ್ಕಳಷ್ಟು. ನಮ್ಮಾವ ಸೀದಾ ಎದುರು ಮನೆಗೋದ್ರು. ಮರಿಬಸಪ್ಪ ಅವ್ನಲ್ಲ, ಅವ್ರಪ್ಪನ ತಾವ. 'ನಾನು ಜಗ್ಲಿ ಮುಂದುಕ್ ತತ್ತೀನಿ, ನೀನೂ ತಾ' ಅಂದ್ರು. ತಟ್ಟೇಲಿ ಎಲೆ ಅಡ್ಕೆ ಇಟ್ಟು, ಇವ್ರು ಅವ್ರಿಗೆ ಕೊಟ್ರು, ಅವ್ರು ಇವ್ರಿಗೆ ಕೊಟ್ರು. ಅದ ನೋಡಿ ಉಳಿದೋರೂ ಎದುರುಬದುರು ವೀಳ್ಯ ಬದ್ಲಾಯಿಸ್ಕಂಡು ತಂದ್ರು. ಒಬ್ರೂ ತಕರಾರು ಮಾಡ್ನಿಲ್ಲ. ಕಾಗ್ಜ ಇಲ್ಲ, ಪತ್ರ ಇಲ್ಲ. ವೀಳ್ಯಕ್ಕಿಂತ ಪತ್ರ ಬೇಕಾ?"

ಅದೆಲ್ಲ ಆದ ಮೇಲೂ ಗಾಡಿ, ಕಟ್ಟೆ, ಕಂಬ ಎಂದು ಇನ್ನೂ ಎಷ್ಟೋ ಹೇಳಿದರು. ನನಗಂತೂ ಮೈ ಜುಮ್ಮೆಂದಿತ್ತು. ಇದಕ್ಕಿಂತ ದೊಡ್ಡ ಹಕ್ಕು ಯಾರಿಗಿದೆ ಎನಿಸಿತ್ತು. ಇಡೀ ಬೀದಿ ಒಬ್ಬರಿಗೊಬ್ಬರು ಕೊಟ್ಟ ಮಾತಿನ ಮೇಲೆ ಕಟ್ಟಿದ ಜಗಲಿಗಳು! ಮನೆಗೆ ಬಂದು ಒಳ್ಳೆಯ ಕಾಗದದಲ್ಲಿ, ಕೆಳಗೆ ಕಾರ್ಬನ್ನು ಹಾಕಿ, ಹನ್ನೊಂದು ಪುಟ ಬರೆದೆ. ಅದರ ನಡುವೆ ಈ ವಾಕ್ಯ: "ಬೀದಿಯ ಎರಡೂ ಸಾಲಿನವರು ವೀಳ್ಯ ಬದಲಿಸಿಕೊಂಡು, ಒಬ್ಬರ ಮಾತಿಗೊಬ್ಬರು ಕಟ್ಟುಬಿದ್ದು, ತಲಾ ಮೂರು ಮೊಳ ಜಗಲಿಯನ್ನು ಮುಂದಕ್ಕೆ ತಂದರು, ಇದನ್ನು ಗೌರಮ್ಮನವರು ತಮ್ಮ ಮಾವನವರ ಬಾಯಿಂದಲೇ ಕೇಳಿದ್ದಾರೆ." ಗುಡಿಯ ಮುಂದೆ ಗಟ್ಟಿಯಾಗಿ ಓದಿದೆ. ಅವತ್ತು ಗೌರಮ್ಮನವರಿಗೆ ಚಳಿಜ್ವರ, ಬಂದಿರಲಿಲ್ಲ. ಉಳಿದವರೆಲ್ಲ ಚಪ್ಪಾಳೆ ತಟ್ಟಿದರು. ಮರಿಬಸಪ್ಪನವರು ಟವೆಲಿನಿಂದ ಕಣ್ಣೊರೆಸಿಕೊಂಡು, "ನಮ್ಮಪ್ಪ ಅಷ್ಟ್ ಒಳ್ಳೇನು ಅಂತ ನಂಗೇ ಗೊತ್ತಿರ್ನಿಲ್ಲ" ಎಂದರು.

ಕಚೇರಿಗೆ ಕೊಟ್ಟು ಬಂದ ಎಂಟನೆಯ ದಿನ ಅಲ್ಲಿನ ಇಂಜಿನಿಯರು ಕರೆಸಿದರು. ಮರಿಬಸಪ್ಪನವರೂ ನಾನೂ ಹೋದೆವು. ಸಾಧು ಮನುಷ್ಯ. ಕೂರಿಸಿ ಕಾಫಿ ತರಿಸಿದರು. ನನ್ನ ಹನ್ನೊಂದು ಪುಟ ಅವರ ಮೇಜಿನ ಮೇಲಿತ್ತು, ಒಂದು ಸಾಲಿನ ಕೆಳಗೆ ಕೆಂಪು ಗೀಟು.

"ಇದನ್ನ ಬರೆದವರು ನೀವೇನಮ್ಮ?"

"ಹೌದು ಸಾರ್."

"ಬಹಳ ಚೆನ್ನಾಗಿ ಬರೆದಿದ್ದೀರಿ. ನಮ್ಮ ಹತ್ತಿರ ಈ ಬೀದಿಯ ಹಳೇ ನಕ್ಷೆ ಇಲ್ಲ. ಎಲ್ಲಿವರೆಗೆ ರಸ್ತೆ, ಎಲ್ಲಿಂದ ಮನೆ ಅಂತ ಹೇಳೋದಕ್ಕೆ ನಮ್ಮಲ್ಲಿ ಏನೂ ಇರಲಿಲ್ಲ. ಜಗಲಿಗಳು ನಿಮ್ಮವೇ ಅಂತ ಒಪ್ಪಿಕೊಂಡು, ಪರಿಹಾರ ಕೊಟ್ಟು, ಮಾತಾಡಿ ತಗೋಬೇಕಾಗಿತ್ತು. ವರ್ಷಗಟ್ಟಲೆ ಹಿಡೀತಿತ್ತು." ಅವರು ಕೆಂಪು ಗೀಟಿನ ಮೇಲೆ ಬೆರಳಿಟ್ಟರು. "ಮೂರು ಮೊಳ ಅಂದ್ರೆ ನಾಲ್ಕೂವರೆ ಅಡಿ. ಎರಡೂ ಕಡೆ ಸೇರಿ ಒಂಬತ್ತು. ನಮಗೆ ಬೇಕಾಗಿದ್ದೂ ಅಷ್ಟೇ. ರಸ್ತೆ ಜಾಗಕ್ಕೆ ತಂದು ಕಟ್ಟಿದ್ದು ಅಂತ ನೀವೇ ಬರೆದುಕೊಟ್ಟಿದ್ದೀರಿ."

ಕಾಫಿ ಲೋಟ ಕೈಯಲ್ಲೇ ಇತ್ತು. ಇಳಿಸಬೇಕೆಂದು ತೋಚಲಿಲ್ಲ. ವೀಳ್ಯವನ್ನು ನಾವೆಲ್ಲ ಹಕ್ಕು ಎಂದುಕೊಂಡಿದ್ದೆವು. ರಸ್ತೆ ನಮ್ಮದಲ್ಲ, ಎದುರು ಮನೆಯವನು ಒಪ್ಪಿದರೆ ಸಾಲದು ಎಂದು ಹದಿನೆಂಟು ಮನೆಯಲ್ಲಿ ಒಬ್ಬರಿಗೂ ಹೊಳೆದಿರಲಿಲ್ಲ. ನನಗೂ.

"ವಾಪಸ್ ಕೊಟ್ಟುಬಿಡಿ ಸಾರ್, ಬೇರೆ ಬರೆದುಕೊಡ್ತೀನಿ" ಎಂದೆ. ಗುಮಾಸ್ತರು ಅಲ್ಲಿಂದಲೇ, "ಇನ್ವರ್ಡ್ ಆಗೋಗದೆ ಅಮ್ಮ, ನಂಬರ್ ಬಿದ್ದದೆ" ಎಂದರು. ನಾಲ್ಕು ದಿನ ಬಿಡದೆ ಹೋದೆ. ಯಜಮಾನರು "ಸಾಕು ಬಿಡು" ಎಂದರೂ ಬಿಡಲಿಲ್ಲ. ಕೊನೆಗೆ ಇಂಜಿನಿಯರೇ ಬೇಸತ್ತು ಒಂದು ದಾರಿ ಹೇಳಿದರು. "ಇಡೀ ವಿಷಯ ಒಬ್ಬರ ಮಾತಿನ ಮೇಲೆ ನಿಂತಿದೆ. ಆ ಗೌರಮ್ಮ ಅನ್ನೋರು ಅದು ತಪ್ಪು ನೆನಪು, ಜಗಲಿ ಮೊದಲಿಂದಲೂ ಹೀಗೇ ಇತ್ತು ಅಂತ ಹೆಬ್ಬೆಟ್ಟು ಹಾಕಿಕೊಡಲಿ. ಆಗ ನೋಡೋಣ."

ಆ ಕಾಗದವನ್ನೂ ನಾನೇ ಬರೆದೆ. ಹದಿನೇಳು ಮನೆಯವರು ಕಣ್ಣುಮುಚ್ಚಿ ಸಾಕ್ಷಿ ಸಹಿ ಹಾಕಿದರು. ಇಂಕಿನ ಡಬ್ಬಿ ಹಿಡಿದುಕೊಂಡು ಗೌರಮ್ಮನವರ ಜಗಲಿಗೆ ಹೋದೆವು. ನಾನು ಓದಿದೆ. ಅವರು ತಲೆ ತಗ್ಗಿಸಿ ಕೇಳಿದರು.

"ಅಂದ್ರೆ ವೀಳ್ಯ ಕೊಟ್ಟಿದ್ದು ಸುಳ್ಳು ಅಂತಲಾ?"

"ಸುಳ್ಳು ಅಂತಲ್ಲ ಗೌರಮ್ಮಾರೆ, ನಿಮಗೆ ನೆನಪಿಲ್ಲ ಅಂತ."

"ನೆಪ್ಪದಲ್ಲ."

ಮರಿಬಸಪ್ಪನವರು ಪಕ್ಕದಲ್ಲಿ ಕೂತು ನಯವಾಗಿ ಹೇಳಿದರು: "ಗೌರಕ್ಕ, ಈಗ ನಮ್ಮಪ್ಪನೇ ಎದ್ ಬಂದ್ರೂ 'ಒತ್ತು ಗೌರಿ' ಅಂತಿದ್ದ. ಅಂಥ ಕಿಲಾಡಿ ಅವ್ನು."

"ಅವ್ನು ಅಂದಾನು. ನಮ್ಮಾವ ಅನ್ನಾಕಿಲ್ಲ." ಕೈಯನ್ನು ಸೆರಗಿನೊಳಗೆ ಇಟ್ಟುಕೊಂಡರು. "ವೀಳ್ಯ ಈಸ್ಕಂಡ ಕೈ ಮಣ್ಣಾಗವೆ. ಮಾತೂ ಮಣ್ಣಾಯ್ತು ಅಂತ ನಾನು ಎಬ್ಬೆಟ್ಟು ಒತ್ಲಾ?"

ಮಹದೇವಮ್ಮ ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದಳು. ಅವಳು ಅತ್ತೆಯ ಎದುರು ದನಿ ಎತ್ತಿದ್ದನ್ನು ನಾನು ಕೇಳಿದ್ದು ಅವತ್ತೇ ಮೊದಲು. "ಅತ್ತೆ, ಸತ್ತೋರ್ ಮಾತ್ ಉಳಿಸಕ್ಕೆ ಬದುಕಿರೋಳ್ನ ಬೀದಿಗ್ ಆಕ್ತೀರಲ್ಲ. ನಂಗ್ ಯಾರವ್ರೆ ಏಳಿ?" ಎಂದು ಅವರ ಕಾಲಿಗೆ ಬಿದ್ದಳು. ನಾನೂ ಕೈ ಹಿಡಿದು ಬೇಡಿದೆ. ಒಂದು ಗಳಿಗೆಯ ಕೆಲಸ ಗೌರಮ್ಮಾರೆ, ದೇವರು ತಪ್ಪು ತಿಳಿಯುವುದಿಲ್ಲ ಎಂದೆ. ಗೌರಮ್ಮನವರು ಸೊಸೆಯ ತಲೆ ನೇವರಿಸಿದರು, ಅತ್ತರು, ಆದರೆ ಕೈ ಚಾಚಲಿಲ್ಲ. ಮಧ್ಯಾಹ್ನದಿಂದ ದೀಪ ಹಚ್ಚುವ ಹೊತ್ತಿನವರೆಗೆ ಕೂತೆವು. ಇಂಕಿನ ಡಬ್ಬಿ ಗಾಳಿಗೆ ಒಣಗಿತು.

ಮಾರನೆಯ ದಿನದಿಂದ ಬೀದಿ ಅವರ ಮೇಲೆ ತಿರುಗಿತು. ನಲ್ಲಿಯ ಹತ್ತಿರ ಅವರು ಕೊಡ ಇಟ್ಟರೆ ಯಾರೂ ಜಾಗ ಬಿಡುತ್ತಿರಲಿಲ್ಲ. "ಸರೋಜಕ್ಕ ಚೆಂದಾಗೇ ಬರ್ದಿದ್ರು. ಆ ಮುದ್ಕಿ ಬಾಯ್ ಬುಡ್ದೆ ಇದ್ದಿದ್ರೆ ಆಯ್ತಿತ್ತು" ಎನ್ನುತ್ತಿದ್ದರು. ಬರೆಯದೆ ಇದ್ದಿದ್ದರೆ ಆಗುತ್ತಿತ್ತು ಎಂದು ನಾನು ಹೇಳಬೇಕಿತ್ತು. ಹೇಳಲಿಲ್ಲ. ಆ ಬೀದಿಯಲ್ಲಿ ನನ್ನದೆಂಬ ಒಂದು ಇಟ್ಟಿಗೆಯೂ ಇರಲಿಲ್ಲ. ಹೋಗುವುದು ಒಳ್ಳೆಯ ಹೆಸರೊಂದೇ. ಅದನ್ನೂ ಬಿಟ್ಟುಕೊಡಲಿಲ್ಲ.

ಶ್ರಾವಣದ ಎರಡನೆಯ ವಾರ ಜೆಸಿಬಿ ಬಂತು. ಬೆಳಗಿನ ಜಿಟಿಜಿಟಿ ಮಳೆ. ಜಗಲಿಯ ಅಂಚಿನಿಂದ ನಾಲ್ಕೂವರೆ ಅಡಿ ಅಳೆದು, ಹಗ್ಗ ಎಳೆದು, ಸುಣ್ಣ ಸುರಿದರು. ಉಳಿದೆಲ್ಲರ ಮನೆಯಲ್ಲೂ ಸುಣ್ಣದ ಗೆರೆ, ಜಗಲಿ ಮುಂದಕ್ಕೆ ಬರುವ ಮೊದಲೇ ನಿಂತಿದ್ದ ಹಳೆಯ ಕಂಬಗಳ ಮುಂದೆಯೇ ಹಾದುಹೋಯಿತು. ಜಗಲಿ ಹೋಯಿತು, ಸೂರು ಉಳಿಯಿತು. ಗೌರಮ್ಮನವರ ಮನೆಯಲ್ಲಿ ಮಾತ್ರ ಗೆರೆ ಕಂಬಗಳ ಹಿಂದೆ ಬಿತ್ತು. ತಿರುವಿನ ಮನೆಯಲ್ಲವೇ, ಹಗ್ಗ ಹಾಗೆ ಹೋಯಿತು ಎಂದುಕೊಂಡರು ಎಲ್ಲರೂ. ಕಂಬಕ್ಕೆ ತಾಕಿದ ಕೂಡಲೇ ಮುಂದಿನ ಸೂರು ಹಂಚು, ತೊಲೆ ಸಮೇತ ಕುಸಿದು ನಡುಮನೆಯೊಳಗೆ ಬಿತ್ತು. ಬಾಗಿಲ ಪಕ್ಕ ಸೂರಿನಡಿಗೆ ಸಾಗಿಸಿಟ್ಟಿದ್ದ ಕೊಪ್ಪರಿಗೆಗಳು ತೊಲೆಯ ಕೆಳಗೆ ಅಪ್ಪಚ್ಚಿಯಾದವು. ಮಹದೇವಮ್ಮ ಅಳಲಿಲ್ಲ. ಅತ್ತೆಯ ಕಡೆ ಒಮ್ಮೆ ತಿರುಗಿ, "ಆಯ್ತಲ್ಲ, ತಣ್ಣಗಾಯ್ತಾ?" ಎಂದಳು. ಅಲ್ಲಿಂದ ಮುಂದೆ ಅವಳು ಅತ್ತೆಯೊಡನೆ ಮಾತು ಬಿಟ್ಟಳು.

ಮೂರನೆಯ ದಿನ ಅವರಿಗೆ ರೊಟ್ಟಿ ತೆಗೆದುಕೊಂಡು ಹೋದೆ. ಹಿಂದಿನ ಒಲೆಯ ಮುಂದೆ, ಟಾರ್ಪಾಲಿನ ಕೆಳಗೆ ಗೌರಮ್ಮನವರು ಒಬ್ಬರೇ ಕೂತಿದ್ದರು. ಮಹದೇವಮ್ಮ ಹೊಳೆಗೆ ಹೋಗಿದ್ದಳು.

"ಸರೋಜವ್ವ, ನೀನು ಬರ್ದಿದ್ದ ಎಲ್ರೂ ಕೇಳವ್ರೆ. ನಾನೇ ಕೇಳ್ನಿಲ್ಲ. ಒಂದ್ಸಲ ಓದವ್ವ" ಎಂದರು.

ಕಾರ್ಬನ್ ಪ್ರತಿ ತಂದು ಓದಿದೆ. ಪ್ಲೇಗು, ಹೊಳೆ, ಕಳಲೆಯ ಹಂಡೆ. ಅವರು ಅಲ್ಲಲ್ಲಿ ತಲೆದೂಗಿದರು, ಒಂದು ಕಡೆ ನಕ್ಕರು ಕೂಡ. ಆ ಸಾಲು ಬಂದಾಗ ಕೈ ಎತ್ತಿ ತಡೆದರು.

"ನಮ್ದು ಮೂರಲ್ಲ ಕಣವ್ವ. ಎರಡೂವರೆ. ಏಳಿದ್ನಲ್ಲ ನಿಂಗೆ? ಇಲ್ಲಿ ತಿರುವದೆ, ಪಾತ್ರೆ ತುಂಬ್ಕಂಡ್ ಬರೋ ಗಾಡಿ ತಿರುಗ್ಬೇಕು ಅಂತ ನಮ್ಮಾವ ಅರ್ಧ ಮೊಳ ಬೀದಿಗೇ ಬುಟ್ರು. ಬೀದಿಗೆಲ್ಲ ನಮ್ದೊಂದೇ ಕಮ್ಮಿ."

ನಾನು ಮನೆಗೆ ಓಡಿದೆ. ಗೀಚಿಕೊಂಡ ನೋಟುಬುಕ್ಕು ಅಕ್ಕಿ ಡಬ್ಬಿಯ ಮೇಲಿತ್ತು. ತೆಗೆದು ನೋಡಿದರೆ ನನ್ನದೇ ಅಕ್ಷರ: "ಗೌ. ಮನೆ ಎರಡೂವರೆ ಮೊಳ. ಗಾಡಿ ತಿರುಗಲು ಅರ್ಧ ಬಿಟ್ಟದ್ದು." ನೀಟಾಗಿ ಬರೆಯುವಾಗ ಒಂದು ಮನೆಗಾಗಿ ವಾಕ್ಯ ಕುಂಟುತ್ತದೆಂದು "ತಲಾ ಮೂರು ಮೊಳ" ಎಂದು ಸರಿಮಾಡಿದ್ದೆ. ಹಾಲಿನ ನೀರಿನ ಲೆಕ್ಕ ಬಿಡದವಳು ಇದನ್ನು ಬಿಟ್ಟಿದ್ದೆ. ನೋಟುಬುಕ್ಕು ಹಿಡಿದು ಮಳೆಯಲ್ಲೇ ಕಚೇರಿಗೆ ಹೋದೆ. ಇಂಜಿನಿಯರು ಓದಿದರು, ಎದ್ದು ನನ್ನ ಜೊತೆಗೇ ಬಂದರು. ಕಂಬ ನಿಂತಿದ್ದ ಗುಳಿಯಿಂದ ಸುಣ್ಣದ ಗೆರೆಯವರೆಗೆ ಟೇಪು ಹಿಡಿದರು. ಅರ್ಧ ಮೊಳಕ್ಕೆ ಒಂಬತ್ತು ಅಂಗುಲ, ಗೆರೆ ಅಷ್ಟೂ ಒಳಗೆ ಹೋಗಿರಲಿಲ್ಲ. ಟೇಪು ಸುತ್ತಿ ಜೇಬಿಗಿಟ್ಟುಕೊಂಡು, "ಮೂರು ದಿನ ಮುಂಚೆ ತಂದಿದ್ದರೆ ಕಂಬದ ಮುಂದೆಯೇ ನಿಲ್ಲಿಸುತ್ತಿದ್ದೆ ಅಮ್ಮ" ಎಂದು ಹೊರಟುಹೋದರು.

ಟಾರ್ಪಾಲಿನ ಕೆಳಗೆ ಹೋಗಿ ಗೌರಮ್ಮನವರ ಮುಂದೆ ಕೂತೆ. ಎಲ್ಲವನ್ನೂ ಹೇಳಿದೆ. ನೀವು ಸರಿಯಾಗಿ ಹೇಳಿದ್ದಿರಿ, ನಾನು ತಪ್ಪು ಬರೆದೆ, ನೀವು ಹೇಳಿದ ಹಾಗೆ ಬರೆದಿದ್ದರೆ ಸೂರು ಉಳಿಯುತ್ತಿತ್ತು, ಕೊಪ್ಪರಿಗೆ ಉಳಿಯುತ್ತಿತ್ತು. ನಿಮ್ಮ ಬಾಯಿಂದ ಆದದ್ದಲ್ಲ, ನನ್ನ ಕೈಯಿಂದ ಆದದ್ದು. ಬೀದಿಗೆಲ್ಲ ಹೇಳುತ್ತೇನೆ, ಮೊದಲು ಮಹದೇವಮ್ಮನಿಗೆ ಹೇಳುತ್ತೇನೆ ಎಂದೆ.

ಅವರು ಒಲೆಯ ಕೊಳ್ಳಿಯನ್ನು ಒಳಕ್ಕೆ ತಳ್ಳಿದರು. ನನ್ನನ್ನು ಬೈದಿದ್ದರೆ ಬದುಕಿಕೊಳ್ಳುತ್ತಿದ್ದೆ.

"ಅವ್ಳಿಗ್ ಏಳ್ಬ್ಯಾಡ" ಎಂದರು. "ಅತ್ತೆ ಅಟ ಮಾಡಿ ಮನೆ ಕಳುದ್ಲು ಅಂತ ಕ್ವಾಪ ಮಾಡ್ಕಂಡವಳೆ. ಆ ಕ್ವಾಪದಲ್ಲೇ ಎದ್ದು ಓಡಾಡ್ತಾವಳೆ. ಬರಿಯೋವಾಗ ಒಂದ್ ಗೆರೆ ಎಚ್ಚುಕಮ್ಮಿ ಆಗಿ ಓಯ್ತು ಅಂದ್ರೆ ಯಾರ್ ಮ್ಯಾಲ್ ಕ್ವಾಪ ಮಾಡ್ಕಂಡಾಳು? ಕುಂತ್ ಬುಡ್ತಾಳೆ. ಅವ್ಳಿನ್ನೂ ಬಾಳ್ಬೇಕಾದೋಳು."

"ನಿಮ್ಮನ್ನ ಮಾತಾಡಿಸ್ತಿಲ್ಲವಲ್ಲ ಗೌರಮ್ಮಾರೆ."

"ನಂಗೆಷ್ಟ್ ದಿನ ಮಾತ್ ಬೇಕು" ಎಂದರು.

ಭಾದ್ರಪದದ ಮೊದಲಲ್ಲಿ ಅತ್ತೆ ಸೊಸೆ ಹೆಮ್ಮಿಗೆಗೆ, ಮಹದೇವಮ್ಮನ ಅಣ್ಣನ ಮನೆಗೆ ಹೊರಟರು. ಬಸ್ ಸ್ಟ್ಯಾಂಡಿಗೆ ನಾನೂ ಹೋದೆ. ಇದ್ದದ್ದು ಎರಡು ಗಂಟು, ಒಂದು ಟ್ರಂಕು. ನರಸೀಪುರದ ಬಸ್ಸು ಬಂತು. ಟ್ರಂಕು ಎತ್ತಿಕೊಡುವಾಗ ಮಹದೇವಮ್ಮ ನನ್ನ ಕೈ ಹಿಡಿದುಕೊಂಡಳು. "ನಿಮ್ ಋಣ ತೀರ್ಸಕ್ಕಾಗಲ್ಲ ಅಕ್ಕ. ನಮಗೋಸ್ಕರ ಅಷ್ಟ್ ಓಡಾಡಿದ್ರಿ. ಒಳಗಿರೋರೇ ಕೈ ಕೊಟ್ಮೇಲೆ ನೀವೇನ್ ಮಾಡಕ್ಕಾಯ್ತದೆ" ಎಂದಳು. ನಾನು ಬಾಯಿ ತೆರೆದೆ. ಕಿಟಕಿಯ ಹತ್ತಿರ ಆಗಲೇ ಕೂತಿದ್ದ ಗೌರಮ್ಮನವರು ನನ್ನ ಕಡೆಯೇ ನೋಡುತ್ತಿದ್ದರು. ತಲೆಯನ್ನು ಎಡಕ್ಕೂ ಬಲಕ್ಕೂ ಒಂದೇ ಸಲ, ಮೆಲ್ಲಗೆ ಆಡಿಸಿದರು.

"ಜೋಪಾನ" ಎಂದೆ.

ಬಸ್ಸು ಅರ್ಧಕ್ಕರ್ಧ ಖಾಲಿಯಿತ್ತು. ಗೌರಮ್ಮನವರು ಸೊಸೆಗೆಂದು ಪಕ್ಕಕ್ಕೆ ಸರಿದು, ಗಂಟನ್ನು ತೊಡೆಯ ಮೇಲೆತ್ತಿಕೊಂಡು ಜಾಗ ಮಾಡಿದರು. ಮಹದೇವಮ್ಮ ಅವರನ್ನು ದಾಟಿ ಹೋಗಿ ಹಿಂದಿನ ಸೀಟಿನಲ್ಲಿ ಕೂತಳು.